ಮೇರಿ ಹೆನ್ರಿಯಾಗಿ ಉಳಿದ ಕ್ಯಾಂಡಸ್ ಹಿಲಿಗಾಸ್

ಹೆದರಿಸುವ ಸಿನಿಮಾಗಳ ಬಗ್ಗೆ ಓದಲು ಶುರು ಮಾಡಿದವರಿಗೆ ಮೊದಲು ಎದುರಾಗುವುದು ದೊಡ್ಡ ಹೆಸರುಗಳೇ: ಬೋರಿಸ್ ಕಾರ್ಲಾಫ್, ಬೆಲಾ ಲುಗೋಸಿ, ಕ್ರಿಸ್ಟೋಫರ್ ಲೀ. ದಶಕಗಟ್ಟಲೆ ಈ ಬಗೆಯ ಪಾತ್ರ ಮಾಡುತ್ತಲೇ ಹೆಸರಾದವರು ಇವರು. ಇವರ ಬಗ್ಗೆ ಪುಸ್ತಕಗಳಿಗೆ ಬರವಿಲ್ಲ. ಇಲ್ಲಿ ನಾನು ಪರಿಚಯ ಮಾಡಿಕೊಡಲು ಹೊರಟಿರುವುದು ಆ ಸಾಲಿನಲ್ಲಿ ಸಾಮಾನ್ಯವಾಗಿ ಕಾಣಿಸದ ಒಬ್ಬ ಅಮೆರಿಕನ್ ನಟಿಯನ್ನು. ಹೆಸರು ಕ್ಯಾಂಡಸ್ ಹಿಲಿಗಾಸ್. 1960ರ ದಶಕದ ಮೊದಲರ್ಧದಲ್ಲಿ ಅವರು ಎರಡು ಅಗ್ಗದ ಹಾರರ್ ಚಿತ್ರಗಳಲ್ಲಿ ಮುಖ್ಯ ಪಾತ್ರ ಮಾಡಿದರು. ಅವರ ಚಿತ್ರಜೀವನದಲ್ಲಿ ಇಂದು ನೆನಪಿಡಬೇಕಾದ್ದು ಅಷ್ಟೇ. ಆದರೆ ಆ ಎರಡರಲ್ಲಿ ಮೊದಲನೆಯದಾದ ‘ಕಾರ್ನಿವಲ್ ಆಫ್ ಸೋಲ್ಸ್’ ಅರವತ್ತು ವರ್ಷ ದಾಟಿದರೂ ಹಳೆಯದಾಗಿಲ್ಲ. ಅದು ಉಳಿದಿರುವುದಕ್ಕೆ ಮುಖ್ಯ ಕಾರಣ ಕ್ಯಾಂಡಸ್ ಅವರೇ ಎಂಬುದು ನನ್ನ ಖಚಿತ ಅಭಿಪ್ರಾಯ. ಯಾಕೆ ಎಂಬುದನ್ನು ನಿಧಾನವಾಗಿ ನೋಡೋಣ.

ಈ ಲೇಖನ ಓದಲು ನಿಮಗೆ ಚಲನಚಿತ್ರ ಚರಿತ್ರೆಯ ಪರಿಚಯ ಇರಬೇಕಿಲ್ಲ. ಒಂದೆರಡು ಹಿನ್ನೆಲೆಯ ಸಂಗತಿ ತಿಳಿದರೆ ಸಾಕು.

ಆ ಕಾಲದ ಅಮೆರಿಕದಲ್ಲಿ ‘ಡ್ರೈವ್ ಇನ್’ ಎಂಬ ಬಯಲು ಚಿತ್ರಮಂದಿರಗಳಿದ್ದವು. ದೊಡ್ಡ ಮೈದಾನ, ಒಂದು ತುದಿಯಲ್ಲಿ ಭಾರೀ ಪರದೆ. ಜನ ಕಾರಿನಲ್ಲೇ ಬಂದು, ಕಾರಿನಲ್ಲೇ ಕೂತು ಸಿನಿಮಾ ನೋಡಿ ಹೋಗುತ್ತಿದ್ದರು. ಒಂದೇ ಟಿಕೆಟ್ಟಿಗೆ ಎರಡು ಚಿತ್ರ ತೋರಿಸುವುದು ಅಲ್ಲಿ ವಾಡಿಕೆ. ಹೀಗಾಗಿ ವಿತರಕರಿಗೆ ಸದಾ ಹೊಸ ಚಿತ್ರಗಳು ಬೇಕಿದ್ದವು, ಅವು ಅಗ್ಗಕ್ಕೂ ಸಿಗಬೇಕಿತ್ತು. ತಾರೆಯರಿಲ್ಲದೆ ನಡೆಯುವ ಸರಕು ಎಂದರೆ ಭಯ. ದೆವ್ವ, ಕೊಲೆಗಾರ, ಸತ್ತು ಎದ್ದವನು ಇವರಲ್ಲಿ ಒಬ್ಬನಿದ್ದರೆ ನಾಯಕಿ ಯಾರು ಎಂದು ಕೇಳುವವರು ಕಡಿಮೆ. ಆಕೆಯಿಂದ ಬಯಸುತ್ತಿದ್ದುದೂ ಇಷ್ಟೇ: ನೋಡಲು ಚೆನ್ನಾಗಿರಬೇಕು, ಸಮಯಕ್ಕೆ ಸರಿಯಾಗಿ ಕಿರುಚಬೇಕು.

ಇನ್ನೊಂದು ಸಂಗತಿ, 1960ರಲ್ಲಿ ಬಂದ ಆಲ್ಫ್ರೆಡ್ ಹಿಚ್‌ಕಾಕ್ ಅವರ ‘ಸೈಕೋ’. ಭಯ ಹುಟ್ಟಿಸಲು ಪಾಳುಬಿದ್ದ ಕೋಟೆ ಬೇಡ, ಹೆದ್ದಾರಿಯ ಪಕ್ಕದ ಒಂದು ಸಾಧಾರಣ ವಸತಿಗೃಹ ಸಾಕು ಎಂದು ಆ ಚಿತ್ರ ತೋರಿಸಿಕೊಟ್ಟಿತು. ರಾತ್ರಿ ಹೊತ್ತು ಒಬ್ಬಳೇ ಕಾರು ಓಡಿಸಿಕೊಂಡು ಹೋಗುವ ಹೆಣ್ಣು, ಅವಳ ಮುಖದ ಮೇಲೆ ಎದುರು ಬರುವ ಗಾಡಿಗಳ ಬೆಳಕು ಬಿದ್ದು ಹೋಗುವುದು, ಇಂಥ ದೃಶ್ಯಗಳ ಬಲ ಆಗ ಎಲ್ಲರಿಗೂ ಗೊತ್ತಾಯಿತು. ಎರಡು ವರ್ಷದ ನಂತರ ತೆರೆಗೆ ಬಂದ ನಮ್ಮ ಚಿತ್ರದಲ್ಲೂ ಅಂಥದೇ ಒಂದು ರಾತ್ರಿಯ ಪ್ರಯಾಣವಿದೆ.

ಈಗ ಕಾನ್ಸಸ್ ರಾಜ್ಯದ ಲಾರೆನ್ಸ್ ಎಂಬ ಊರಿಗೆ ಬರೋಣ. ಹಾಲಿವುಡ್‌ನಿಂದ ಬಹುದೂರದ, ವಿಶ್ವವಿದ್ಯಾಲಯವಿರುವ ಊರು ಅದು. ಅಲ್ಲಿ ಸೆಂಟ್ರಾನ್ ಎಂಬ ಕಂಪನಿ ಶಾಲೆಗಳಿಗೆ, ಕಾರ್ಖಾನೆಗಳಿಗೆ ಬೋಧನೆಯ ಕಿರುಚಿತ್ರ ಮಾಡಿಕೊಡುತ್ತಿತ್ತು. ಅಪಘಾತ ತಪ್ಪಿಸುವುದು ಹೇಗೆ, ಸಹಪಾಠಿಗಳ ಜೊತೆ ನಡೆದುಕೊಳ್ಳುವುದು ಹೇಗೆ ಎಂಬಂಥ ಚಿತ್ರಗಳು. ಹರ್ಕ್ ಹಾರ್ವಿ ಅಲ್ಲಿನ ನಿರ್ದೇಶಕ. ಒಮ್ಮೆ ಕ್ಯಾಲಿಫೋರ್ನಿಯಾ ಕಡೆಯಿಂದ ಕಾರಿನಲ್ಲಿ ಊರಿಗೆ ವಾಪಸಾಗುತ್ತಿದ್ದಾಗ, ಯೂಟಾ ರಾಜ್ಯದ ಗ್ರೇಟ್ ಸಾಲ್ಟ್ ಲೇಕ್ ಎಂಬ ಉಪ್ಪುಸರೋವರದ ದಂಡೆಯಲ್ಲಿ ಅವರಿಗೆ ಪಾಳುಬಿದ್ದ ಭಾರೀ ಕಟ್ಟಡವೊಂದು ಕಂಡಿತು. ಸಾಲ್ಟೇರ್ ಎಂದು ಅದರ ಹೆಸರು. ಒಂದು ಕಾಲಕ್ಕೆ ಜನ ಕುಣಿಯಲು, ಈಜಲು, ಹೊತ್ತು ಕಳೆಯಲು ಬರುತ್ತಿದ್ದ ವಿಹಾರ ಮಂದಿರ. 1893ರಲ್ಲಿ ಕಟ್ಟಿದ ಮೊದಲ ಕಟ್ಟಡ 1925ರಲ್ಲಿ ಸುಟ್ಟುಹೋಗಿ, ಅದರ ಜಾಗದಲ್ಲಿ ಎದ್ದ ಎರಡನೆಯದು ಆಗ ಬಾಗಿಲು ಹಾಕಿಕೊಂಡು ನಿಂತಿತ್ತು. ಸತ್ತವರು ಈ ಮಂದಿರದಲ್ಲಿ ಕುಣಿಯುವಂತೆ ಕೊನೆಯಾಗುವ ಒಂದು ಕಥೆ ಬರೆದುಕೊಡು ಎಂದು ಹಾರ್ವಿ ತಮ್ಮ ಸಹೋದ್ಯೋಗಿ ಜಾನ್ ಕ್ಲಿಫರ್ಡ್‌ಗೆ ಹೇಳಿದರು. ಊರಿನ ವ್ಯಾಪಾರಸ್ಥರಿಂದ ದುಡ್ಡು ಎತ್ತಿದರು. ಕೆಲಸಕ್ಕೆ ರಜೆ ಹಾಕಿ, ಸುಮಾರು ಮೂರು ವಾರದಲ್ಲಿ ಚಿತ್ರೀಕರಣ ಮುಗಿಸಿದರು. ಒಟ್ಟು ಖರ್ಚು ಸುಮಾರು 33 ಸಾವಿರ ಡಾಲರ್. ‘ಸೈಕೋ’ಗೆ ತಗುಲಿದ್ದು ಹೆಚ್ಚುಕಡಿಮೆ ಎಂಟು ಲಕ್ಷ ಡಾಲರ್, ಅದನ್ನೇ ಆಗ ಕಡಿಮೆ ಬಜೆಟ್ ಎನ್ನುತ್ತಿದ್ದರು.

ಪಾತ್ರವರ್ಗದಲ್ಲಿ ಬಹುಪಾಲು ಸ್ಥಳೀಯರು. ನಾಯಕಿಯ ವಿಷಯದಲ್ಲಿ ಮಾತ್ರ ಹಾರ್ವಿ ರಾಜಿ ಮಾಡಿಕೊಳ್ಳದೆ ನ್ಯೂಯಾರ್ಕಿನಿಂದ ಕರೆಸಿದರು. ಬಂದವರೇ ಕ್ಯಾಂಡಸ್. ಹುಟ್ಟಿದ್ದು 1935ರಲ್ಲಿ, ದಕ್ಷಿಣ ಡಕೋಟಾದ ಹ್ಯೂರಾನ್‌ನಲ್ಲಿ. ನಟನೆ ಕಲಿಯಲೆಂದು ನ್ಯೂಯಾರ್ಕ್ ಸೇರಿ, ಲೀ ಸ್ಟ್ರಾಸ್‌ಬರ್ಗ್ ಬಳಿ ಅಭ್ಯಾಸ ಮಾಡಿದ್ದರು. ಸ್ಟ್ರಾಸ್‌ಬರ್ಗ್ ಎಂದರೆ ‘ಮೆಥಡ್’ ಎಂಬ ನಟನಾ ಪದ್ಧತಿಯ ದೊಡ್ಡ ಗುರು. ಪಾತ್ರದ ಭಾವವನ್ನು ಹೊರಗಿನಿಂದ ಮುಖಕ್ಕೆ ಅಂಟಿಸಿಕೊಳ್ಳಬೇಡ, ನಿನ್ನದೇ ನೆನಪಿನಿಂದ ಎಬ್ಬಿಸಿಕೋ ಎಂಬುದು ಆ ಪದ್ಧತಿಯ ಸಾರ. ಆ ಕಾಲದ ನ್ಯೂಯಾರ್ಕ್ ನಟರೆಂದರೆ ತೆರೆಯ ಮೇಲೆ ಕುದಿಯುವವರು, ಒಡೆದು ಅಳುವವರು ಎಂದು ಹೆಸರು. ಕ್ಯಾಂಡಸ್ ಈ ಚಿತ್ರದಲ್ಲಿ ಮಾಡಿರುವುದು ಅದಕ್ಕೆ ತದ್ವಿರುದ್ಧ. ಹೊಸಬರು ಮೊದಲು ಗಮನಿಸಬೇಕಾದ್ದು ಇದನ್ನು.

ಕಥೆ ಚಿಕ್ಕದು. ಮೇರಿ ಹೆನ್ರಿ ಚರ್ಚ್‌ಗಳಲ್ಲಿ ಆರ್ಗನ್ ನುಡಿಸುವ ಹುಡುಗಿ. ಆರ್ಗನ್ ಎಂದರೆ ಎರಡೂ ಕೈಗಳಿಂದ ಮಣೆಗಳನ್ನು, ಎರಡೂ ಕಾಲುಗಳಿಂದ ಕೆಳಗಿನ ಪೆಡಲುಗಳನ್ನು ಒತ್ತಿ ನುಡಿಸುವ ದೊಡ್ಡ ವಾದ್ಯ. ಗಾಳಿ ಹಾಯುವ ಅದರ ಕೊಳವೆಗಳು ಗೋಡೆಯೆತ್ತರ ನಿಂತಿರುತ್ತವೆ. ಗೆಳತಿಯರ ಜೊತೆ ಕಾರಿನಲ್ಲಿ ಹೋಗುತ್ತಿದ್ದಾಗ ಹುಡುಗರ ಕಾರೊಂದರ ಜೊತೆ ಪೈಪೋಟಿ ಬೆಳೆದು, ಮೇರಿ ಕೂತಿದ್ದ ಕಾರು ಸೇತುವೆಯಿಂದ ನದಿಗೆ ಬೀಳುತ್ತದೆ. ಗಂಟೆಗಟ್ಟಲೆ ಹುಡುಕಿದರೂ ಕಾರು ಸಿಗುವುದಿಲ್ಲ. ಅಷ್ಟರಲ್ಲಿ ಮೈಯೆಲ್ಲ ಕೆಸರಾದ ಮೇರಿ ಮರಳದಿಬ್ಬದ ಮೇಲೆ ತೂರಾಡುತ್ತ ಎದ್ದು ಬರುತ್ತಾಳೆ. ಹೇಗೆ ಬದುಕಿದಳೋ ಅವಳಿಗೇ ನೆನಪಿಲ್ಲ. ಕೆಲವು ದಿನಗಳಲ್ಲಿ ಯೂಟಾದ ಚರ್ಚೊಂದರಲ್ಲಿ ಕೆಲಸ ಹಿಡಿದು ಊರು ಬಿಡುತ್ತಾಳೆ. ದಾರಿಯಲ್ಲಿ, ಕಾರಿನ ಕಿಟಕಿಯ ಗಾಜಿನ ಆಚೆ, ಸುಣ್ಣ ಬಳಿದಂಥ ಮುಖದ ಗಂಡಸೊಬ್ಬ ಕಾಣಿಸಿಕೊಳ್ಳುತ್ತಾನೆ. ಆ ಪಾತ್ರ ಮಾಡಿದವರು ಸ್ವತಃ ಹಾರ್ವಿ. ಅಲ್ಲಿಂದ ಮುಂದೆ ಅವನು ಅವಳ ಬೆನ್ನು ಬಿಡುವುದಿಲ್ಲ, ಸರೋವರದ ದಂಡೆಯ ಆ ಪಾಳುಮಂದಿರವೂ ಅವಳನ್ನು ಸೆಳೆಯುತ್ತಲೇ ಇರುತ್ತದೆ. ಕೊನೆಯನ್ನು ನಾನು ಹೇಳುವುದಿಲ್ಲ. ನೀವು ಊಹಿಸಬಹುದು, ಊಹಿಸಿದರೂ ಚಿತ್ರಕ್ಕೆ ಏನೂ ನಷ್ಟವಿಲ್ಲ.

ಅಪಘಾತದ ನಂತರದ ದೃಶ್ಯವೊಂದನ್ನು ಹತ್ತಿರದಿಂದ ನೋಡಿ. ಮೇರಿ ಆರ್ಗನ್ ತಯಾರಿಸುವ ಕಾರ್ಖಾನೆಯಲ್ಲಿ ವಾದ್ಯ ನುಡಿಸುತ್ತಿದ್ದಾಳೆ. ಲಾರೆನ್ಸ್‌ನಲ್ಲಿ ರೂಟರ್ ಎಂಬ ನಿಜವಾದ ಆರ್ಗನ್ ಕಾರ್ಖಾನೆ ಇತ್ತು, ಚಿತ್ರೀಕರಣ ಅಲ್ಲೇ ನಡೆದಿದೆ. ಹೊಸ ಊರಿನ ಚರ್ಚ್ ಕೆಲಸದ ಮಾತು ಬಂದಾಗ, ಅದು ತನಗೆ ಸಂಬಳದ ಕೆಲಸ, ಬೇರೇನೂ ಅಲ್ಲ ಎಂಬರ್ಥದ ಮಾತಾಡುತ್ತಾಳೆ. ಅಲ್ಲಿನ ಹಿರಿಯ ಅವಳನ್ನು ಬೀಳ್ಕೊಡುತ್ತ, ಸಂಗೀತಕ್ಕೆ ಬುದ್ಧಿಯೊಂದೇ ಸಾಲದು, ಒಂದಿಷ್ಟು ಆತ್ಮವನ್ನೂ ಇಡಬೇಕು ಎನ್ನುತ್ತಾನೆ. ಬೇರೆ ನಟಿಯಾಗಿದ್ದರೆ ಈ ಮಾತಿಗೆ ನೊಂದ ಮುಖವನ್ನೋ ಸಿಡುಕನ್ನೋ ತೋರಿಸುತ್ತಿದ್ದರು. ಕ್ಯಾಂಡಸ್ ಏನೂ ತೋರಿಸುವುದಿಲ್ಲ. ಅವನ ಮಾತು ಮೇರಿಯನ್ನು ಮುಟ್ಟುವುದೇ ಇಲ್ಲ. ಅವಳು ಒರಟಳಲ್ಲ, ಅಹಂಕಾರಿಯೂ ಅಲ್ಲ. ಎದುರಿಗಿರುವವರು ಆಡಿದ ಮಾತು ಅವಳ ಬಳಿ ಬರುವ ಹೊತ್ತಿಗೆ ತನ್ನ ಅರ್ಥವನ್ನೇ ಕಳೆದುಕೊಂಡಿರುತ್ತದೆ. ಇದನ್ನು ದೊಡ್ಡ ಕಣ್ಣುಗಳ ಸ್ಥಿರವಾದ ನೋಟ ಮತ್ತು ಒಂದು ಕ್ಷಣ ತಡವಾಗಿ ಬರುವ ಉತ್ತರ, ಇವೆರಡರಿಂದಲೇ ಅವರು ಸಾಧಿಸಿದ್ದಾರೆ.

ಎರಡನೆಯದು ಬಟ್ಟೆ ಅಂಗಡಿಯ ದೃಶ್ಯ. ಚಿತ್ರದಲ್ಲಿ ನನಗೆ ಅತ್ಯಂತ ಪ್ರಿಯವಾದ ಭಾಗ. ಹಗಲು ಹೊತ್ತು. ಮೇರಿ ಕಪ್ಪು ಉಡುಪೊಂದನ್ನು ಹಾಕಿ ನೋಡಲು ಒಳಕೋಣೆಗೆ ಹೋಗುತ್ತಾಳೆ. ಪರದೆಯ ಮೇಲೆ ನೀರಿನ ಅಲೆಯಂತೆ ಚಿತ್ರ ಒಮ್ಮೆ ಅಲುಗುತ್ತದೆ. ಹೊರಗೆ ಬಂದರೆ ಲೋಕದ ಸದ್ದೆಲ್ಲ ನಿಂತುಹೋಗಿದೆ. ಮಾರುವ ಹೆಂಗಸನ್ನು ಮಾತಾಡಿಸಿದರೆ ಆಕೆ ತಿರುಗಿಯೂ ನೋಡುವುದಿಲ್ಲ. ಬೀದಿಗೆ ಬಂದರೆ ಅಲ್ಲೂ ಅಷ್ಟೇ. ಜನ ಓಡಾಡುತ್ತಿದ್ದಾರೆ, ಗಾಡಿಗಳು ಹೋಗುತ್ತಿವೆ, ಸದ್ದಿಲ್ಲ. ಯಾರಿಗೂ ಅವಳು ಕಾಣುತ್ತಿಲ್ಲ. ಕೊನೆಗೆ ಉದ್ಯಾನವೊಂದರಲ್ಲಿ ಮರದ ಬಳಿ ನಿಂತಾಗ ಹಕ್ಕಿಯ ದನಿ ಕಿವಿಗೆ ಬೀಳುತ್ತದೆ, ಲೋಕ ವಾಪಸ್ ಬರುತ್ತದೆ.

ಇಲ್ಲಿ ಕ್ಯಾಮೆರಾದ ಕರಾಮತ್ತು ಆ ಅಲೆಯೊಂದೇ. ಸದ್ದಿಲ್ಲದ ಲೋಕವನ್ನು ನಾವು ನಂಬಬೇಕಾದರೆ ಕ್ಯಾಂಡಸ್ ಅವರ ಮುಖವನ್ನು ನೋಡಿಯೇ ನಂಬಬೇಕು. ಮೊದಲು ಬರುವುದು ಭಯವಲ್ಲ, ಕಿರಿಕಿರಿ: ಅಂಗಡಿಯವಳು ಬೇಕೆಂದೇ ನಿರ್ಲಕ್ಷಿಸುತ್ತಿದ್ದಾಳೆ ಎಂಬ ಕಿರಿಕಿರಿ. ಆಮೇಲೆ ಗಲಿಬಿಲಿ. ಭಯ ಬರುವುದು ಎಲ್ಲಕ್ಕಿಂತ ಕೊನೆಗೆ, ಓಡಲು ಶುರು ಮಾಡಿದ ಮೇಲೆ. ನಮ್ಮಲ್ಲಿ ಯಾರಿಗಾದರೂ ಹೀಗಾದರೆ ಇದೇ ಕ್ರಮದಲ್ಲಿ ಆಗುತ್ತದೆ. ಅಗ್ಗದ ಹಾರರ್ ಚಿತ್ರಗಳ ನಾಯಕಿಯರು ಸಾಮಾನ್ಯವಾಗಿ ಮೊದಲೆರಡು ಮೆಟ್ಟಿಲು ಹಾರಿ ಸೀದಾ ಕಿರುಚುವುದಕ್ಕೆ ಹೋಗುತ್ತಾರೆ. ಕ್ಯಾಂಡಸ್ ಒಂದನ್ನೂ ಬಿಡದೆ ಹತ್ತಿದ್ದಾರೆ. ಸ್ಟ್ರಾಸ್‌ಬರ್ಗ್ ಪಾಠ ಎಲ್ಲಿ ಉಪಯೋಗಕ್ಕೆ ಬಂತು ಎಂದು ಕೇಳಿದರೆ ನಾನು ಈ ದೃಶ್ಯವನ್ನು ತೋರಿಸುತ್ತೇನೆ.

ಇನ್ನು ಚರ್ಚಿನ ದೃಶ್ಯ. ಮೇರಿ ಒಬ್ಬಳೇ ಕೂತು ಅಭ್ಯಾಸ ಮಾಡುತ್ತಿದ್ದಾಳೆ. ಭಕ್ತಿಗೀತೆಯಾಗಿ ಶುರುವಾದ ಸಂಗೀತ ಮೆಲ್ಲಗೆ ಹಾದಿ ತಪ್ಪುತ್ತದೆ. ಈ ಚಿತ್ರದ ಇಡೀ ಸಂಗೀತ ಆರ್ಗನ್ ಒಂದರದ್ದೇ, ಅದನ್ನು ಸಂಯೋಜಿಸಿದವರು ಜೀನ್ ಮೂರ್. ಅದರ ಪ್ರಯೋಜನ ಇಲ್ಲಿ ಸ್ಪಷ್ಟವಾಗಿ ತಿಳಿಯುತ್ತದೆ: ಅವಳು ನುಡಿಸುತ್ತಿರುವುದು ಯಾವುದು, ಅವಳನ್ನು ಬೆನ್ನಟ್ಟುತ್ತಿರುವ ಹಿನ್ನೆಲೆ ಸಂಗೀತ ಯಾವುದು ಎಂದು ಬೇರ್ಪಡಿಸಿ ಹೇಳಲಾಗದು. ಬೆರಳುಗಳು, ಪೆಡಲಿನ ಮೇಲಿನ ಕಾಲು, ಮೇಲಕ್ಕೆ ತಿರುಗಿದ ಕಣ್ಣು. ನಡುನಡುವೆ ಪಾಳುಮಂದಿರದಲ್ಲಿ ಕುಣಿಯುವ ಬಿಳಿಚಿದ ಮುಖಗಳು. ಇಡೀ ಚಿತ್ರದಲ್ಲಿ ಯಾರ ಸ್ಪರ್ಶಕ್ಕೂ ಒಲಿಯದ, ಯಾವುದಕ್ಕೂ ಮನಸ್ಸು ಕೊಡದ ಹುಡುಗಿ ಇಲ್ಲಿ ಮಾತ್ರ ಪೂರ್ತಿಯಾಗಿ ತನ್ನನ್ನು ಒಪ್ಪಿಸಿಕೊಂಡಿದ್ದಾಳೆ. ಪಾದ್ರಿ ಬಂದು ಅವಳ ಕೈಗಳ ಮೇಲೆ ತನ್ನ ಕೈಯಿಟ್ಟು ಸಂಗೀತ ನಿಲ್ಲಿಸುತ್ತಾನೆ. ದೇವರ ಮನೆಯಲ್ಲಿ ಇಂಥದ್ದು ನುಡಿಸಿದೆಯಲ್ಲ ಎಂದು ಕೆಲಸದಿಂದ ತೆಗೆಯುತ್ತಾನೆ. ಕಾರ್ಖಾನೆಯ ಹಿರಿಯ ಕೇಳಿದ್ದ ಆತ್ಮ ಸಂಗೀತಕ್ಕೆ ಬಂದಿದ್ದು ಆ ಒಂದೇ ಸಲ, ಅದಕ್ಕೇ ಕೆಲಸ ಹೋಯಿತು. ಕ್ಲಿಫರ್ಡ್ ಬರೆದದ್ದರಲ್ಲಿ ಇದಕ್ಕಿಂತ ಚೆನ್ನಾಗಿ ಕೂಡಿಬಂದ ಜೋಡಿ ದೃಶ್ಯಗಳಿಲ್ಲ. ಎಚ್ಚರ ತಪ್ಪಿದವಳಂತೆ ನುಡಿಸುವಾಗಿನ ಮುಖ ಮತ್ತು ಕೈ ಹಿಡಿದು ನಿಲ್ಲಿಸಿದ ಮರುಕ್ಷಣದ ಮುಖ, ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿ. ಇಬ್ಬರು ಬೇರೆ ಬೇರೆ ಹೆಂಗಸರೇ ಕಾಣಿಸುತ್ತಾರೆ.

ಮೇರಿಯ ಪಕ್ಕದ ಕೋಣೆಯ ಬಾಡಿಗೆದಾರ ಜಾನ್ ಲಿಂಡನ್‌ನ ಪಾತ್ರದಲ್ಲಿ ಸಿಡ್ನಿ ಬರ್ಗರ್ ಇದ್ದಾರೆ. ಹೆಣ್ಣಿನ ಹಿಂದೆ ಬೀಳುವ ಜೊಲ್ಲುಬುರುಕನ ಪಾತ್ರವನ್ನು ಅವರು ಎಷ್ಟು ಸಹಜವಾಗಿ ಮಾಡಿದ್ದಾರೆಂದರೆ ಬಿಳಿಮುಖದ ದೆವ್ವಕ್ಕಿಂತ ಇವನೇ ಹೆಚ್ಚು ಹೇಸಿಗೆ ಹುಟ್ಟಿಸುತ್ತಾನೆ. ಮುಂದೆ ಬರ್ಗರ್ ಹ್ಯೂಸ್ಟನ್‌ನಲ್ಲಿ ಷೇಕ್ಸ್‌ಪಿಯರ್ ನಾಟಕೋತ್ಸವ ಕಟ್ಟಿದ ರಂಗಕರ್ಮಿ. ರಾತ್ರಿ ಒಂಟಿಯಾಗಿರುವ ಭಯಕ್ಕೆ ಮೇರಿ ಲಿಂಡನ್‌ನಂಥವನ ಸಹವಾಸವನ್ನೂ ಸಹಿಸಿಕೊಳ್ಳಲು ಹೊರಡುವ ಸಂದರ್ಭದಲ್ಲಿ ಕ್ಯಾಂಡಸ್ ಮುಖದಲ್ಲಿ ಮೂಡುವ ಬಲವಂತದ ನಗು ಗಮನಿಸಬೇಕಾದ್ದು.

ಅವರ ನಟನೆಯ ಮೇಲೆ ಒಂದು ಆಕ್ಷೇಪ ಆಗಾಗ ಕೇಳಿಬರುತ್ತದೆ. ಭಾವವೇ ಇಲ್ಲ, ಮುಖ ಮರಗಟ್ಟಿದ ಹಾಗಿದೆ, ನಟನೆ ಬರುತ್ತಿರಲಿಲ್ಲ ಅನಿಸುತ್ತದೆ ಎಂದು. ತರಗತಿಯಲ್ಲಿ ಚಿತ್ರ ತೋರಿಸಿದಾಗಲೂ ಯಾರಾದರೊಬ್ಬರು ಇದನ್ನು ಕೇಳಿಯೇ ಕೇಳುತ್ತಾರೆ. ಕೇಳಬೇಕಾದ ಪ್ರಶ್ನೆಯೇ. ನನ್ನ ಉತ್ತರ ಇದು: ನಟನೆ ಬಾರದವರ ಮುಖ ಎಲ್ಲ ದೃಶ್ಯದಲ್ಲೂ ಒಂದೇ ಥರ ಇರುತ್ತದೆ. ಕ್ಯಾಂಡಸ್ ಮುಖ ಹಾಗಿಲ್ಲ. ಹಗಲು ಬೆಳಕಿನಲ್ಲಿ ಮೇರಿ ಹಗುರಾಗಿ, ತುಸು ದಿಟ್ಟಳಾಗಿ ಮಾತಾಡುತ್ತಾಳೆ. ಕತ್ತಲಾದಂತೆ ದನಿ ಸಣ್ಣದಾಗುತ್ತದೆ. ಆರ್ಗನ್ ಮುಂದೆ ಬೇರೆಯೇ ಆಗುತ್ತಾಳೆ. ಅಂದರೆ ಆ ತಣ್ಣಗಿನ ಭಾವ ಎಲ್ಲಿರಬೇಕು, ಎಲ್ಲಿ ಒಡೆಯಬೇಕು ಎಂಬುದು ಅವರ ಹಿಡಿತದಲ್ಲಿತ್ತು. ನಾಯಕಿ ನಮ್ಮ ಮರುಕವನ್ನು ಬೇಡಬಾರದು, ಆದರೂ ನಾವು ಅವಳನ್ನು ಬಿಟ್ಟು ಕಣ್ಣು ತೆಗೆಯಬಾರದು. ಇದು ಅತ್ತು ಕರೆಯುವುದಕ್ಕಿಂತ ಕಷ್ಟದ ಕೆಲಸ. ಚಿತ್ರದ ಕೊನೆ ತಿಳಿದ ಮೇಲೆ ಮತ್ತೊಮ್ಮೆ ಮೊದಲಿನಿಂದ ನೋಡಿದರೆ ಅವರ ಒಂದೊಂದು ಆಯ್ಕೆಗೂ ಕಾರಣ ಸಿಗುತ್ತದೆ.

ಚಿತ್ರದ ಹಣೆಬರಹ ಮಾತ್ರ ಚೆನ್ನಾಗಿರಲಿಲ್ಲ. 1962ರಲ್ಲಿ ಬಿಡುಗಡೆಯಾಗಿ, ಇನ್ನೊಂದು ಅಗ್ಗದ ಚಿತ್ರದ ಜೊತೆಗೆ ಡ್ರೈವ್ ಇನ್‌ಗಳನ್ನು ಸುತ್ತಿತು. ವಿತರಣೆ ವಹಿಸಿಕೊಂಡ ಸಂಸ್ಥೆ ಮುಳುಗಿತು. ಹಾರ್ವಿಗೆ ಬರಬೇಕಾದ ಹಣ ಬರಲಿಲ್ಲ. ಅವರು ಮತ್ತೆ ಸೆಂಟ್ರಾನ್‌ನ ಕಿರುಚಿತ್ರಗಳಿಗೆ ಮರಳಿದರು, ಇನ್ನೊಂದು ಕಥಾಚಿತ್ರ ಮಾಡಲೇ ಇಲ್ಲ. ನಟಿಯೊಬ್ಬರು ತಮ್ಮ ಮೊದಲ ಚಿತ್ರದಲ್ಲೇ ಇಂಥ ಕೆಲಸ ಮಾಡಿ, ಅದನ್ನು ನೋಡಬೇಕಾದವರು ಯಾರೂ ನೋಡದೆ ಹೋದರೆ ಮುಂದಿನ ಬಾಗಿಲು ತೆರೆಯುವುದು ಹೇಗೆ? ಪತ್ರಿಕೆಗಳು ವಿಮರ್ಶೆ ಬರೆಯುವಂಥ ಚಿತ್ರಮಂದಿರಗಳಿಗೆ ಅದು ಹೋಗಲೇ ಇಲ್ಲ.

ಎರಡನೇ ಚಿತ್ರ 1964ರ ‘ದ ಕರ್ಸ್ ಆಫ್ ದ ಲಿವಿಂಗ್ ಕಾರ್ಪ್ಸ್’. ಡೆಲ್ ಟೆನಿ ನಿರ್ದೇಶಿಸಿ, ಕನೆಕ್ಟಿಕಟ್ ರಾಜ್ಯದ ಸ್ಟ್ಯಾಮ್‌ಫರ್ಡ್‌ನಲ್ಲಿ ಚಿತ್ರೀಕರಿಸಿದ್ದು. ಜೀವ ಇರುವಾಗಲೇ ಹೂತುಬಿಟ್ಟಾರೆಂದು ಹೆದರುವ ಶ್ರೀಮಂತ ಮುದುಕ, ಅವನ ಉಯಿಲು, ಒಬ್ಬೊಬ್ಬರಾಗಿ ಸಾಯುವ ಮನೆಮಂದಿ, ಹತ್ತೊಂಬತ್ತನೇ ಶತಮಾನದ ಉಡುಪು.  ಇಲ್ಲಿ ಕ್ಯಾಂಡಸ್ ಅವರಿಗೆ ಮಾಡಲು ಹೆಚ್ಚು ಕೆಲಸವಿಲ್ಲ. ಮೇರಿ ಹೆನ್ರಿಯನ್ನು ಕಂಡವರಿಗೆ ಇದು ನಿರಾಸೆಯೇ. ಈ ಚಿತ್ರಕ್ಕೆ ಇಂದು ಇರುವ ಖ್ಯಾತಿ, ಮುಂದೆ ‘ಜಾಸ್’ನಲ್ಲಿ ಪೊಲೀಸ್ ಮುಖ್ಯಸ್ಥನಾಗಿ ಹೆಸರಾದ ರಾಯ್ ಶೈಡರ್ ಅವರ ಮೊದಲ ಚಿತ್ರ ಇದು ಎಂಬುದರಿಂದ ಬಂದದ್ದು. ಒಂದೇ ಚಿತ್ರದಲ್ಲಿದ್ದ ಇಬ್ಬರಲ್ಲಿ ಒಬ್ಬರಿಗೆ ಅದು ಮೊದಲ ಮೆಟ್ಟಿಲು, ಇನ್ನೊಬ್ಬರಿಗೆ ಹೆಚ್ಚುಕಡಿಮೆ ಕೊನೆಯದು. ನಟ ನಿಕೊಲಾಸ್ ಕಾಸ್ಟರ್ ಅವರನ್ನು ಮದುವೆಯಾಗಿದ್ದ ಕ್ಯಾಂಡಸ್, ಆ ದಾಂಪತ್ಯವನ್ನೇ ಕುರಿತು ಬಹಳ ವರ್ಷಗಳ ನಂತರ ನೆನಪಿನ ಪುಸ್ತಕವನ್ನೂ ಬರೆದರು.

ಮೇರಿ ಹೆನ್ರಿ ಮಾತ್ರ ಸುಮ್ಮನಾಗಲಿಲ್ಲ. ಆ ಕಾಲದ ಅಮೆರಿಕದ ಕಾಯ್ದೆ ಕೇಳುತ್ತಿದ್ದ ಹಕ್ಕುಸ್ವಾಮ್ಯದ ಸೂಚನೆ ಚಿತ್ರದ ಪ್ರತಿಗಳ ಮೇಲೆ ಇರಲಿಲ್ಲ. ಹೀಗಾಗಿ ಅದು ಯಾರ ಸ್ವತ್ತೂ ಅಲ್ಲದ ಚಿತ್ರವಾಯಿತು. ತಯಾರಕರಿಗೆ ಇದು ಅನ್ಯಾಯ. ಆದರೆ ಇದರಿಂದಲೇ ಟಿವಿ ಕೇಂದ್ರಗಳು ಅಪರಾತ್ರಿಯಲ್ಲಿ ಅದನ್ನು ಮತ್ತೆ ಮತ್ತೆ ಹಾಕಿದವು, ನಿದ್ದೆಗೆಟ್ಟು ನೋಡಿದ ಒಂದು ಪೀಳಿಗೆ ಅದನ್ನು ಮರೆಯಲಿಲ್ಲ. 1968ರ ‘ನೈಟ್ ಆಫ್ ದ ಲಿವಿಂಗ್ ಡೆಡ್’ ಮಾಡಿದ ಜಾರ್ಜ್ ರೊಮೆರೊ ಈ ಚಿತ್ರದ ಪ್ರಭಾವವನ್ನು ನೆನೆದಿದ್ದಾರೆ. 1989ರಲ್ಲಿ ಅದು ಮತ್ತೆ ಚಿತ್ರಮಂದಿರಗಳಿಗೆ ಬಂತು, ಈ ಸಲ ವಿಮರ್ಶಕರು ಕೂತು ನೋಡಿದರು. ಆಮೇಲೆ ಹಳೆಯ ಶ್ರೇಷ್ಠ ಚಿತ್ರಗಳನ್ನು ಕಾಪಾಡಿ ಹೊರತರುವ ಕ್ರೈಟೀರಿಯನ್ ಸಂಸ್ಥೆ ಅದನ್ನು ತನ್ನ ಪಟ್ಟಿಗೆ ಸೇರಿಸಿಕೊಂಡಿತು. 1998ರಲ್ಲಿ ಅದೇ ಹೆಸರಿನ ಹೊಸ ಚಿತ್ರವೂ ಬಂತು. ಅದನ್ನು ನೋಡದೆ ಬಿಟ್ಟರೆ ನಷ್ಟವಿಲ್ಲ.

ನೀವು ಈಗ ಮಾಡಬೇಕಾದ್ದು ಸುಲಭ. ‘ಕಾರ್ನಿವಲ್ ಆಫ್ ಸೋಲ್ಸ್’ ಅಂತರ್ಜಾಲದಲ್ಲಿ ಉಚಿತವಾಗಿ, ಕಾನೂನುಬದ್ಧವಾಗಿ ಸಿಗುತ್ತದೆ. ಉದ್ದ ಒಂದು ಗಂಟೆ ಇಪ್ಪತ್ತು ನಿಮಿಷದ ಆಸುಪಾಸು. ಮಸುಕಾದ ಪ್ರತಿಗಳೂ ಬಹಳ ಓಡಾಡುತ್ತಿವೆ, ಆದ್ದರಿಂದ ಶುರುವಿನ ಎರಡು ನಿಮಿಷ ನೋಡಿ, ಮುಖಗಳು ಸ್ಪಷ್ಟವಾಗಿ ಕಾಣುವ ಪ್ರತಿಯನ್ನೇ ಆರಿಸಿಕೊಳ್ಳಿ. ಈ ಚಿತ್ರದಲ್ಲಿ ಮುಖ ಕಾಣದಿದ್ದರೆ ಏನೂ ಸಿಗುವುದಿಲ್ಲ. ಫೋನಿನ ಸ್ಪೀಕರಿನಲ್ಲಿ ಬೇಡ, ಕಿವಿಗೆ ಇಯರ್‌ಫೋನ್ ಇರಲಿ. ಬಟ್ಟೆ ಅಂಗಡಿಯಲ್ಲಿ ಸದ್ದು ನಿಂತಾಗ ನಿಮ್ಮ ಸುತ್ತಲೂ ನಿಶ್ಶಬ್ದ ಇರಬೇಕು. ಮೊದಲ ಸಲ ಕಥೆಗಾಗಿ ನೋಡಿ. ಒಂದೆರಡು ದಿನ ಬಿಟ್ಟು ಎರಡನೇ ಸಲ ನೋಡುವಾಗ ಕಥೆಯನ್ನು ಮರೆತು ಕ್ಯಾಂಡಸ್ ಹಿಲಿಗಾಸ್ ಒಬ್ಬರನ್ನೇ ನೋಡಿ. ಇಷ್ಟವಾದರೆ ಇನ್ನೊಬ್ಬರಿಗೆ ಹೇಳುವಾಗ ಚಿತ್ರದ ಹೆಸರಿನ ಜೊತೆ ಅವರ ಹೆಸರನ್ನೂ ಹೇಳಿ.